ತೊಟ್ಟಿಯ ಮರದ ಆಚೆ ತಿಪಟೂರು, ಈಚೆ ತುರುವೇಕೆರೆ

ಆ ದಿನ ಬೆಳಿಗ್ಗೆಯಿಂದ ನಾನು ಮಾಡಿದ ಕೆಲಸಗಳು ಇವು: ಕೊಟ್ಟಿಗೆಯ ಸಗಣಿ ಬಾಚಿದ್ದು, ಹಾಲು ಕರೆದದ್ದು, ಬಾಗಿಲಿಗೆ ನೀರು ಹಾಕಿ ರಂಗೋಲಿ ಎಳೆದದ್ದು, ಅತ್ತೆಯವರ ಸ್ನಾನಕ್ಕೆ ನೀರು ಕಾಯಿಸಿದ್ದು, ಅದು ಕಾದಿಲ್ಲವೆಂದು ಅವರು ಹೇಳಿದ ಮೇಲೆ ಒಲೆಗೆ ಇನ್ನಷ್ಟು ಕಾಯಿಮಟ್ಟೆ ನೂಕಿದ್ದು, ರೊಟ್ಟಿ ತಟ್ಟಿದ್ದು, ಅಟ್ಟ ಹತ್ತಿ ಕೊಬ್ಬರಿಗೆಂದು ಬಿಟ್ಟಿದ್ದ ಕಾಯಿಗಳನ್ನು ಕಿವಿಯ ಹತ್ತಿರ ಹಿಡಿದು ಅಲ್ಲಾಡಿಸಿ ನೋಡಿದ್ದು, ಇಳಿಯುವಾಗ ಏಣಿಗೆ ಸೆರಗು ಸಿಕ್ಕಿಸಿಕೊಂಡದ್ದು, ಮತ್ತು ನಮ್ಮೂರಿನ ಚರಿತ್ರೆ, ಭೂಗೋಳ, ಜನಸಂಖ್ಯೆಯನ್ನು ಬರೆದದ್ದು.

ಕೊನೆಯದು ನಿಜವಾಗಿ ನನ್ನ ಕೆಲಸವಲ್ಲ. ನಮ್ಮ ಸೀಗೆಕಟ್ಟೆಗೆ ಒಂದು ಹೈಸ್ಕೂಲು ಬೇಕೆಂದು ಪಂಚಾಯ್ತಿ ಚೇರ್ಮನ್ನರು ಅರ್ಜಿ ಹಾಕುವವರಿದ್ದರು. ಅರ್ಜಿಯ ಜೊತೆಗೆ ಊರಿನ ಪರಿಚಯ ಇರಬೇಕಂತೆ. ಚೇರ್ಮನ್ನರು ಅದನ್ನು ಪ್ರೈಮರಿ ಸ್ಕೂಲಿನ ರಂಗಪ್ಪ ಮೇಷ್ಟ್ರಿಗೆ ಒಪ್ಪಿಸಿದರು. ಮೇಷ್ಟ್ರು ಏಳನೇ ಕ್ಲಾಸಿನ ಮಕ್ಕಳಿಗೆ ಮನೆಗೆಲಸವಾಗಿ ಕೊಟ್ಟರು. ಮಕ್ಕಳು ತಾಯಂದಿರ ಮುಂದೆ ಇಟ್ಟರು. ನಮ್ಮ ಸುಮ ಏಳನೇ ಕ್ಲಾಸು. ಹೀಗೆ ಸರ್ಕಾರಕ್ಕೆ ಬೇಕಾದ ಚರಿತ್ರೆ ಇಳಿದಿಳಿದು ನನ್ನ ಒಲೆಯ ಮುಂದೆ ಬಂದು ಕೂತಿತು. ನನಗೂ ಅದರಲ್ಲಿ ಸ್ವಾರ್ಥವಿತ್ತು. ಊರಲ್ಲಿ ಹೈಸ್ಕೂಲು ಬಾರದಿದ್ದರೆ ಸುಮ ಬಸ್ಸು ಹತ್ತಿ ಹೋಗಬೇಕು. ಬಸ್ಸು ಹತ್ತಿ ಹೋಗುವುದಕ್ಕೆ ನಮ್ಮ ಅತ್ತೆ ಗಂಗಮ್ಮನವರು ಒಪ್ಪುವವರಲ್ಲ. "ಏಳು ಓದೈತಲ್ಲ, ಸಾಕು ಬುಡು, ಕಾಯಿ ತುರಿಯೋಕೆ ಎಂಟನೇ ಕ್ಲಾಸು ಯಾಕೆ?" ಎಂದು ಅವರು ಆಗಲೇ ತೀರ್ಪು ಕೊಟ್ಟಾಗಿತ್ತು. ನಮ್ಮ ಯಜಮಾನರು ತಾಯಿಯ ಮಾತಿಗೂ ಹೂಂ, ನನ್ನ ಮಾತಿಗೂ ಹೂಂ ಎನ್ನುವವರು. ಅವರ ಹೂಂ ಇಟ್ಟುಕೊಂಡು ಮಗಳನ್ನು ಓದಿಸಲು ಆಗುವುದಿಲ್ಲ.

ಮೊದಲು ಚರಿತ್ರೆ. ಊರಿನಲ್ಲಿ ಹಳೆಯದೆಂದರೆ ಕೆರೆ, ಗುಡಿ ಮತ್ತು ಅತ್ತೆ. ಕೆರೆ ಗುಡಿಗಳು ಮಾತಾಡುವುದಿಲ್ಲವಾದ್ದರಿಂದ ಸುಮ ಅಜ್ಜಿಯನ್ನೇ ಕೇಳಿದಳು.

"ಅಜ್ಜಿ, ನಮ್ಮೂರ್ನ ಯಾರು ಕಟ್ಸಿದ್ದು?"

"ನಾನು ಮದ್ವೆಯಾಗಿ ಬಂದಾಗ್ಲೇ ಕಟ್ಸಾಗಿತ್ತು ಕಣವ್ವ."

"ಅದ್ಕೆ ಮೊದ್ಲು ಏನಿತ್ತು?"

"ಅದ್ಕೆ ಮೊದ್ಲು ನಾನಿರ್ಲಿಲ್ವಲ್ಲ, ಇನ್ಯಾರು ನೋಡೋರು?"

ಯಜಮಾನರನ್ನು ಕೇಳಿದರೆ ಅವರಿಗೆ ತಿಳಿದ ಚರಿತ್ರೆಯೆಲ್ಲ ಕೆರೆ ಕೋಡಿ ಬಿದ್ದ ವರ್ಷಗಳದ್ದು. ಯಾವ ರಾಜ ಆಳಿದರೂ ಕೆರೆ ತುಂಬಿದಾಗ ಮಾತ್ರ ಅದು ಅವರ ನೆನಪಿನೊಳಗೆ ಬರುತ್ತದೆ. ಕೊನೆಗೆ ನಾನು ಬರೆದದ್ದು ಒಂದೇ ಘಟನೆ. ನಮ್ಮೂರಿಗೆ ಮೊದಲ ಸಲ ಬಸ್ಸು ಬಂದಾಗ ಬಸವಯ್ಯನವರು ತಮ್ಮ ತೋಟದ ಬೇಲಿಯ ಹತ್ತಿರ ಡ್ರೈವರಿಗೆ ಎಳನೀರು ಕೊಟ್ಟರಂತೆ. ಅಂದಿನಿಂದ ಇಂದಿನವರೆಗೆ ಬಸ್ಸು ನಿಲ್ಲುವುದು ಅಲ್ಲಿಯೇ. ಬಸ್‌ಸ್ಟ್ಯಾಂಡೆಂದು ಪಂಚಾಯ್ತಿಯವರು ಊರ ನಡುವೆ ಕಟ್ಟಿಸಿದ ಕಲ್ಲುಮಂಟಪದಲ್ಲಿ ಮೇಕೆಗಳು ಕಾಯುತ್ತಿರುತ್ತವೆ. ಜನ ಬೇಲಿಯ ಹತ್ತಿರ ಕಾಯುತ್ತಾರೆ. ಡ್ರೈವರುಗಳು ಎಷ್ಟೋ ಮಂದಿ ಬದಲಾದರು, ಎಳನೀರು ಕೊಡುವುದೂ ನಿಂತಿತು, ಆದರೂ ಬಸ್ಸಿಗೆ ಆಸೆ ಹೋಗಿಲ್ಲ.

ಭೂಗೋಳ ಸುಲಭ ಎಂದುಕೊಂಡಿದ್ದೆ. ಊರಿನ ಪೂರ್ವಕ್ಕೆ ತೆಂಗಿನ ತೋಟ, ಪಶ್ಚಿಮಕ್ಕೆ ತೆಂಗಿನ ತೋಟ, ದಕ್ಷಿಣಕ್ಕೆ ರಸ್ತೆ, ರಸ್ತೆಯ ಆಚೆ ತೆಂಗಿನ ತೋಟ, ಉತ್ತರಕ್ಕೆ ಕೆರೆ, ಕೆರೆಯಲ್ಲಿ ನೆರಳು ಕಾಣುವುದೂ ತೆಂಗಿನ ತೋಟವೇ. ಆದರೆ ಎಲ್ಲೆ ಬರೆಯುವಾಗ ಕೈ ತಡೆಯಿತು. ಯಾವ ಕಾಲದಲ್ಲೋ ತಾಲ್ಲೂಕಿನ ಗಡಿ ಗುರುತು ಮಾಡಲು ಬಂದ ಸರ್ವೆಯವರು, ಬಿಸಿಲಿಗೆ ಬೇಸತ್ತು, "ಕೆರೆಯ ಕೋಡಿಯಿಂದ ಬಾಗಿದ ತೆಂಗಿನ ಮರದವರೆಗೆ" ಎಂದು ಹೇಳಿ ಹೊರಟುಹೋದರಂತೆ. ಈ ಸೀಮೆಯಲ್ಲಿ ತೆಂಗಿನ ಮರವನ್ನು ಗುರುತಾಗಿ ಇಡುವುದೆಂದರೆ ಜಾತ್ರೆಯಲ್ಲಿ ಕಳೆದ ಹುಡುಗನ ಗುರುತು ಕೇಳಿದರೆ ತಲೆಯಲ್ಲಿ ಕೂದಲಿದೆ ಎಂದ ಹಾಗೆ. ಊರಿನಲ್ಲಿ ಬಾಗದ ಮರವೇ ಕಡಿಮೆ. ಪ್ರತಿ ಮನೆಯವರೂ ಗಡಿಯ ಮರ ತಮ್ಮದೇ ಎಂದು ಎದೆ ಉಬ್ಬಿಸಿದರು. ಹಿರಿಯರು ಕೂತು, ಸರ್ವೆಯವರು ಎಳನೀರು ಕುಡಿದ ಮರವೇ ಗಡಿ ಎಂದು ತೀರ್ಮಾನಿಸಿದರು. ಆ ಮರ ನಮ್ಮ ಮಾವನವರ ತಂದೆಯದು.

ಅವರು ಮುಂದೆ ಅದೇ ಜಾಗದಲ್ಲಿ ಮನೆ ಕಟ್ಟಿದರು. ಫಲ ಕೊಡುವ ಮರ ಕಡಿಯುವ ರೂಢಿ ನಮ್ಮಲ್ಲಿಲ್ಲ. ಮರವನ್ನು ತೊಟ್ಟಿಯ ನಡುವೆ ಬಿಟ್ಟು ಸುತ್ತ ಮನೆ ಎಬ್ಬಿಸಿದರು. ಹಾಗಾಗಿ ನಮ್ಮ ಜಗಲಿ, ಪಡಸಾಲೆ, ಅತ್ತೆಯವರ ಮಂಚ ತಿಪಟೂರು ತಾಲ್ಲೂಕು. ಅಡುಗೆಮನೆ, ನಡುಮನೆ, ಹಿತ್ತಿಲು ತುರುವೇಕೆರೆ ತಾಲ್ಲೂಕು. ಮರದ ಬುಡಕ್ಕೆ ನಾನು ಹಾಕುವ ಮುಸುರೆ ನೀರು ತುರುವೇಕೆರೆಯದು. ಅದು ಬಾಗಿ ಬೀಳಿಸುವ ಕಾಯಿ, ಒಡೆಯುವ ಹೆಂಚು, ಎರಡೂ ತಿಪಟೂರಿನವು. ನಾನು ಚಿಕ್ಕನಾಯಕನಹಳ್ಳಿ ಕಡೆಯಿಂದ ಬಂದವಳಾದ್ದರಿಂದ ನನಗೆ ಎರಡೂ ಪರದೇಶ. ಕಾಫಿ ಲೋಟ ಹಿಡಿದು ದಿನಕ್ಕೆ ನಾನು ತಾಲ್ಲೂಕು ದಾಟುವಷ್ಟು ಸಲ ಯಾವ ಅಮಲ್ದಾರರೂ ದಾಟಿರಲಾರರು.

ಇನ್ನು ಜನಸಂಖ್ಯೆ. ಅದು ಜನಗಣತಿಯ ವರ್ಷ. ಈಚೆ ಭಾಗಕ್ಕೆ ರಂಗಪ್ಪ ಮೇಷ್ಟ್ರೇ ಗಣತಿಯವರು, ಆಚೆ ಭಾಗಕ್ಕೆ ಹಾಲ್ಕುರಿಕೆ ಕಡೆಯ ಒಬ್ಬ ಹೊಸ ಮೇಷ್ಟ್ರು. ಹೈಸ್ಕೂಲು ಕೊಡುವುದು ತುರುವೇಕೆರೆಯ ಲೆಕ್ಕದಲ್ಲಿ, ಅದಕ್ಕೆ ಇಂತಿಷ್ಟು ತಲೆ ಬೇಕು, ನಮ್ಮಲ್ಲಿ ಒಂದು ಮನೆಯಷ್ಟು ತಲೆ ಕಡಿಮೆ ಎಂದು ಚೇರ್ಮನ್ನರು ಎಲ್ಲಿಂದಲೋ ತಿಳಿದು ಬಂದರು. ಊರಿಗೆ ಊರೇ ನಮ್ಮ ಮನೆಯ ಕಡೆ ತಿರುಗಿತು.

ರಂಗಪ್ಪ ಮೇಷ್ಟ್ರು ಬಂದು ಮರದ ಹತ್ತಿರ ನಿಂತು ಹೇಳಿದರು: "ನೋಡಿ ಕಮಲಮ್ಮ, ಇವತ್ತು ಗಣತಿ. ರಾತ್ರಿ ಯಾರು ಎಲ್ಲಿ ಮಲಗಿರ್ತಾರೋ ಅಲ್ಲಿನ ಲೆಕ್ಕ. ಮನೇರೆಲ್ಲ ಮರದಿಂದ ಈಚೆ ಮಲಗಿಬಿಟ್ರೆ ಸಾಕು, ನಿಮ್ಮ ಹುಡುಗಿಗೆ ಹೈಸ್ಕೂಲು ಬಂದ ಹಾಗೇನೇ." ಗಣತಿಯ ಕಾಯಿದೆ ನಿಜವಾಗಿ ಏನಿತ್ತೋ, ನಮ್ಮೂರಿನ ಮಟ್ಟಿಗೆ ಮೇಷ್ಟ್ರು ಹೇಳಿದ್ದೇ ಕಾಯಿದೆ.

ನಾನು ಅತ್ತೆಯವರ ಹತ್ತಿರ ನೇರವಾಗಿಯೇ ಕೇಳಿದೆ. "ಅತ್ತೆ, ಇವತ್ತೊಂದಿನ ನಡುಮನೇಲಿ ಮಲಗ್ತೀರಾ?"

"ಯಾಕೆ? ನಾನು ತಿಪಟೂರ್ನೋಳು. ನಮ್ಮ ಕೊಬ್ರಿಗೆ ಬೊಂಬಾಯಿ ತಂಕ ಹೆಸ್ರೈತೆ. ತುರುವೇಕೆರೇಲಿ ಏನೈತೆ, ಕಲ್ಲು ಬಸವಣ್ಣನ್ನ ಬುಟ್ರೆ?"

"ಬಸವಣ್ಣನ್ನೂ ಹಂಗೆ ಬಿಡ್ಬಾರ್ದು ಅತ್ತೆ."

"ಕೈ ಮುಗೀತೀನಿ. ಮಲಗೋದು ಮಾತ್ರ ಇಲ್ಲೇ."

ಅತ್ತೆಯವರು ಜಗ್ಗದ ಒಂದು ವಿಷಯ ತಿಪಟೂರಾದರೆ, ಕರಗಿಹೋಗುವ ಒಂದು ವಿಷಯ ಒತ್ತುಶಾವಿಗೆ ಮತ್ತು ಕಾಯಿಹಾಲು. ಅದನ್ನು ಪಡಸಾಲೆಗೆ ಕೊಂಡೊಯ್ದು ಕೊಡುವಂತಿಲ್ಲ. ಶಾವಿಗೆ ಒರಳಿನಿಂದ ಎಳೆ ಇಳಿಯುವಾಗಲೇ ತಟ್ಟೆ ಒಡ್ಡಬೇಕು, ಆರಿದರೆ ಅವರು ಮುಟ್ಟುವುದಿಲ್ಲ. ಅಂದರೆ ಅಡುಗೆಮನೆಗೆ ಬರಲೇಬೇಕು. ತಿಂದರೆ ಹೊಟ್ಟೆ ಭಾರ, ಹೊಟ್ಟೆ ಭಾರವಾದರೆ ಕಣ್ಣು ಭಾರ, ಪಕ್ಕದಲ್ಲೇ ಚಾಪೆ. ನನ್ನ ಬುದ್ಧಿಗೆ ನಾನೇ ಬೆರಗಾದೆ. ಮಧ್ಯಾಹ್ನದಿಂದ ಅಕ್ಕಿ ರುಬ್ಬಿ, ಉಂಡೆ ಬೇಯಿಸಿ, ಕಾಯಿ ತುರಿದು ಹಾಲು ಹಿಂಡಿ, ಬೆಲ್ಲ ಕರಗಿಸಿ, ಏಲಕ್ಕಿ ಕುಟ್ಟಿ, ಒರಳು ಅಲುಗದಂತೆ ಅದರ ಕಾಲಿನ ಮೇಲೆ ಯಜಮಾನರನ್ನು ಕೂರಿಸಿ ನಾನು ಮೇಲಿನ ಹಿಡಿಗೆ ಜೋತುಬಿದ್ದೆ. ಒತ್ತಿ ಒತ್ತಿ ತೋಳು ಬಿದ್ದುಹೋಗುವ ಹೊತ್ತಿಗೆ ದೀಪ ಹಚ್ಚುವ ಸಮಯವಾಯಿತು.

ಪರಿಮಳ ಮರ ದಾಟಿ ಆಚೆಯ ತಾಲ್ಲೂಕಿಗೆ ಹೋಯಿತು. ಸ್ವಲ್ಪ ಹೊತ್ತಿಗೆ ಅತ್ತೆಯವರ ಕೆಮ್ಮು ತೊಟ್ಟಿಯಲ್ಲಿ ಕೇಳಿಸಿತು, ಆಮೇಲೆ ಅಡುಗೆಮನೆಯ ಹೊಸಿಲಲ್ಲಿ. ಕೂತರು. ಸುಮ ಬಡಿಸಿದಳು. ಒಂದು ಸಲ ಹಾಕಿಸಿಕೊಂಡರು, ಮತ್ತೆ ಹಾಕಿಸಿಕೊಂಡರು, ಬೇಡ ಎಂದು ಕೈ ಅಡ್ಡ ಹಿಡಿದು ಬೆರಳು ಅಗಲಿಸಿದರು. ಮನೆ ಮಂದಿಯೆಲ್ಲ ತುರುವೇಕೆರೆಯಲ್ಲಿ ಭದ್ರ. ಆಚೆಯ ಮೇಷ್ಟ್ರು ಒಳಗೆ ನುಗ್ಗದಂತೆ ತಡೆಯೋಣವೆಂದು ನಾನು ಜಗಲಿಗೆ ಹೋಗಿ ಕಂಬಕ್ಕೆ ಒರಗಿ ಕಾವಲು ಕೂತೆ. ಗಾಳಿ ತಂಪಾಗಿತ್ತು.

ಎಚ್ಚರವಾದಾಗ ತಲೆಯ ಹತ್ತಿರ ಲಾಟೀನು, ಅದರ ಹಿಂದೆ ಹೊಸ ಮೇಷ್ಟ್ರು, ಅವರ ಹಿಂದೆ ಅತ್ತೆ.

"ಏನಪ್ಪಾ ಅದು, ನಮ್ಮುಡುಗಿ ಮುಖಕ್ಕೆ ದೀಪ ಹಿಡ್ಕೊಂಡು ನಿಂತಿದೀಯಾ?" ಎನ್ನುತ್ತಿದ್ದರು ಅತ್ತೆ.

"ಗಣತಿ ಕಣಜ್ಜಿ. ಈಯಮ್ಮ ಇಲ್ಲಿ ಮಲಗವ್ರೆ. ನಮ್ಮ ಕಡೆಗೆ ಬರ್ಕೊಂಡೆ. ನೀವೂ ಇಲ್ಲೇ ನಿಂತಿದೀರಿ, ನಿಮ್ಮನ್ನೂ ಬರ್ಕೊಳ್ಳಲಾ?"

ಮಧ್ಯಾಹ್ನದ ರುಬ್ಬುವಿಕೆಯೆಲ್ಲ ಕಣ್ಣ ಮುಂದೆ ಬಂತು. ಒಂದು ಹೂಂ ಸಾಕು, ಅತ್ತೆ ಸೊಸೆ ಇಬ್ಬರೂ ತಿಪಟೂರಿಗೆ ಹೋದೆವು, ಸುಮಳ ಎಂಟನೇ ಕ್ಲಾಸೂ ನಮ್ಮ ಹಿಂದೆ ಹೋಯಿತು.

ಅತ್ತೆಯವರು ಸೆರಗಿನಿಂದ ಬಾಯಿ ಒರೆಸಿಕೊಂಡರು. "ಅವಳ ಹೆಸ್ರ್ನ ಹೊಡೆದಾಕು. ಅವಳ ಒಲೆ ಆ ಕಡೆ ಐತೆ. ಮನುಷ್ಯರು ದಣಿದ್ರೆ ಎಲ್ಲಿ ಬೇಕಾದ್ರೂ ಮಲಗ್ತಾರೆ, ಹಂಗಂತ ಬಸ್ಸಲ್ಲಿ ತೂಕಡಿಸಿದೋರ್ನ ಬಸ್ಸಿನ ಲೆಕ್ಕಕ್ಕೆ ಬರ್ಕೊಂತೀಯಾ? ಒಲೆ ಎಲ್ಲೈತೋ ಮನೆ ಅಲ್ಲಿ."

"ಹಂಗಾದ್ರೆ ನೀವು, ಅಜ್ಜಿ?"

ಅವರು ಒಂದು ಗಳಿಗೆ ತಮ್ಮ ಮಂಚದ ಕಡೆ ನೋಡಿದರು. "ನಾನೂ ಅವಳ ಒಲೇಲೇ ಉಣ್ಣೋಳು," ಎಂದರು. "ಹೋಗಿ ರಂಗಪ್ಪನಿಗೇಳು, ಗಂಗಮ್ಮ ಈ ಸಲಕ್ಕೆ ಆ ಕಡೆಯೋಳಂತೆ ಅಂತ."

ಮೇಷ್ಟ್ರು ಹೊಡೆದುಹಾಕಿಕೊಂಡು ಹೋದರು. ನಾನು ಎದ್ದು ಸೆರಗು ಸರಿಮಾಡಿಕೊಂಡೆ.

"ನೀನು ಅಕ್ಕಿ ನೆನೆ ಹಾಕ್ದಾಗ್ಲೇ ನಂಗೆ ಗೊತ್ತಾಯ್ತು ಕಣೆ," ಎಂದರು ಅತ್ತೆ. "ನೆಟ್ಟಗೆ ಕೇಳಿದ್ರೆ ಆಗ್ತಿರ್ಲಿಲ್ವಾ?"

"ಕೇಳಿದ್ನಲ್ಲ ಅತ್ತೆ, ಆಗಲ್ಲ ಅಂದ್ರಿ."

"ಬರೀ ಬಾಯಲ್ಲಿ ಕೇಳಿದ್ದೆ ನೀನು," ಎಂದು ಮರ ದಾಟಿ ಒಳಗೆ ಹೋದರು.

ಹೈಸ್ಕೂಲು ಬಂತು. ಸುಮ ಅಲ್ಲಿ ಓದಿದಳು. ಅದಕ್ಕೆ ಜಾಗ ದಾನ ಕೊಟ್ಟವರು ಬಸವಯ್ಯನವರು, ಬಸ್ಸು ನಿಲ್ಲುವ ಬೇಲಿಯ ಹಿಂದೆ. ಕಟ್ಟಡ ಏಳುವಾಗ ಯಾರೋ ಹಗ್ಗ ಹಿಡಿದು ಅಳೆದು ನೋಡಿದರೆ ಆ ಜಾಗ ಪೂರ್ತಿಯಾಗಿ ತಿಪಟೂರು ತಾಲ್ಲೂಕಿನಲ್ಲಿತ್ತು. ಅತ್ತೆಯವರು ಅದನ್ನು ಕೇಳಿ ಒಂದು ವಾರ ಹಸನ್ಮುಖಿಯಾಗಿದ್ದರು. ನಾನು ಬರೆದ ಚರಿತ್ರೆಯನ್ನು ರಂಗಪ್ಪ ಮೇಷ್ಟ್ರು ಅರ್ಜಿಯ ಜೊತೆ ಕಳಿಸಿದ್ದರಂತೆ. ಎಳನೀರಿನ ಸಂಗತಿಯನ್ನು ಯಾರೂ ಓದಿದ ಹಾಗೆ ಕಾಣಲಿಲ್ಲ.

ಆ ದಿನ ರಾತ್ರಿ ಮನೆಯವರೆಲ್ಲ ಶಾವಿಗೆ ಉಂಡರು. ನನ್ನ ಪಾಲಿಗೆ ಒರಳಿನ ತಳಕ್ಕೆ ಅಂಟಿದ್ದೂ ಪಾತ್ರೆ ಬಳಿದ ಕಾಯಿಹಾಲೂ ಉಳಿದವು, ಅಷ್ಟರಲ್ಲಿ ಅವೂ ಆರಿದ್ದವು. ಅತ್ತೆಯವರು ನಡುಮನೆಯ ಚಾಪೆಯಲ್ಲಿ ಬಹಳ ಹೊತ್ತು ಹೊರಳಾಡಿ, ಜಾಗ ಹೊಸದೆಂದು ಗೊಣಗಿ, ಕೊನೆಗೆ ಗೊರಕೆ ತೆಗೆದರು. ಯಜಮಾನರು ಅದಕ್ಕೂ ಹೂಂ ಎಂದು ಮಗ್ಗುಲಾದರು. ಆದರೆ ಆ ದಿನ ನಮ್ಮ ಮನೆಯಲ್ಲಿ ಎಲ್ಲರಿಗಿಂತ ಮೊದಲು ಮಲಗಿದವಳು ನಾನೇ. ಅದೂ ಬೇರೆ ತಾಲ್ಲೂಕಿನಲ್ಲಿ.