ಪ್ರಚಂಡ ಶಕೆ ಬಂದ ಬಗೆ

ಬಹಳ ಹಿಂದೆ, ಎಂದರೆ ಅರಮನೆಗಳಿಗೆ ಕಂಪ್ಯೂಟರ್ ಬಂದು ಮಂತ್ರಿಗಳಿಗೆ ತಮ್ಮ ಪಾಸ್‌ವರ್ಡ್ ಇನ್ನೂ ನೆನಪಿರುತ್ತಿದ್ದ ಕಾಲದಲ್ಲಿ, ತುಂಬೆಗಿರಿ ಎಂಬ ರಾಜ್ಯವಿತ್ತು. ಶ್ರೀಮನ್ಮಹಾರಾಜ ಪ್ರಚಂಡಮಲ್ಲರು ಅದನ್ನು ಹನ್ನೆರಡು ವರ್ಷಗಳಿಂದ ಆಳುತ್ತಿದ್ದರು. ಪ್ರಜೆಗಳು ಸುಖವಾಗಿದ್ದರೆಂದು ಆಸ್ಥಾನದ ಪ್ರಕಟಣೆಗಳಿಂದ ತಿಳಿದುಬರುತ್ತದೆ.

ಆ ರಾಜ್ಯದ ಕಚೇರಿಗಳೆಲ್ಲ ‘ರಾಜಲೇಖನಿ’ ಎಂಬ ಒಂದೇ ತಂತ್ರಾಂಶದಲ್ಲಿ ಬರೆಯುತ್ತಿದ್ದವು. ಅದಕ್ಕೆ ಪತ್ರ ಬರೆಯುವುದು ಬಿಟ್ಟು ಬೇರೇನೂ ಬರುತ್ತಿರಲಿಲ್ಲ. ಹಾಗಾಗಿ ಪ್ರತಿ ಇಲಾಖೆಯೂ ತನಗೆ ಬೇಕಾದ ಹೆಚ್ಚಿನ ಕೆಲಸಕ್ಕೆಂದು ಒಂದು ಪುಟ್ಟ ತಂತ್ರಾಂಶವನ್ನು ಅದಕ್ಕೆ ಅಂಟಿಸಿಕೊಂಡಿತ್ತು. ಗುಮಾಸ್ತರು ಇವುಗಳಿಗೆ ಬಾಲಂಗೋಚಿ ಎನ್ನುತ್ತಿದ್ದರು. ಪಡಿತರದವರದು ಒಂದು ಬಾಲಂಗೋಚಿ, ಆಸ್ಪತ್ರೆಯವರದು ಇನ್ನೊಂದು, ಪಹಣಿಯವರದು ಮತ್ತೊಂದು. ದಿನಾಂಕ ಎಣಿಸುವುದು, ವಯಸ್ಸು ಲೆಕ್ಕ ಹಾಕುವುದು, ಹೆಸರುಗಳನ್ನು ಅಕಾರಾದಿಯಾಗಿ ಜೋಡಿಸುವುದು ಇತ್ಯಾದಿ ಕೆಲಸ ಬಂದಾಗ ಇವೆಲ್ಲವೂ ‘ಸಾಮಾನ್ಯ’ ಎಂಬ ಒಂದೇ ಕಡತದ ಬಳಿ ಹೋಗಿ ಕೇಳುತ್ತಿದ್ದವು, ಅದು ಹೇಳಿಕೊಡುತ್ತಿತ್ತು. ಆ ಕಡತ ಎಲ್ಲರಿಗೂ ಸೇರಿದ್ದರಿಂದ ಅದಕ್ಕೊಬ್ಬ ಮಂತ್ರಿ ಇರಲಿಲ್ಲ. ಇಪ್ಪತ್ತು ವರ್ಷ ಅದು ಕೆಡದೆ ಉಳಿದದ್ದು ಆ ಕಾರಣಕ್ಕೇ ಇರಬೇಕು.

ಅದರ ನಿಗಾ ಹೊಂಬಾಳಮ್ಮನದು. ಐವತ್ತೆಂಟರ ಹೆಂಗಸು; ಕಂಪ್ಯೂಟರ್ ಕೋಣೆಗೆ ಚಪ್ಪಲಿ ಹಾಕಿಕೊಂಡು ಬಂದವರನ್ನು, ಸೇನಾಪತಿಯಾದರೂ ಸರಿ, ಹೊರಗೆ ನಿಲ್ಲಿಸುತ್ತಿದ್ದಳು.

ಪಟ್ಟಾಭಿಷೇಕದ ಹನ್ನೆರಡನೆಯ ವರ್ಷಾಚರಣೆ ಬಂತು. ಸ್ತುತಿ ಇಲಾಖೆಯ ಸಚಿವ ಲಲಿತಾಂಗದೇವರು ಒಡ್ಡೋಲಗದಲ್ಲಿ ಎದ್ದು ನಿಂತರು.

“ಪ್ರಭೂ, ತಮ್ಮ ಪಟ್ಟಾಭಿಷೇಕಕ್ಕೆ ಮುಂಚೆಯೂ ಕಾಲ ಎಂಬುದಿತ್ತು ಅನ್ನುವುದೇ ನನ್ನ ಮನಸ್ಸಿಗೆ ಒಗ್ಗುತ್ತಿಲ್ಲ.”

“ಮತ್ತೆ ಆಗ ಏನಿತ್ತು?” ಎಂದರು ಮಹಾರಾಜರು.

“ಬರೀ ಕಾಯುವಿಕೆ ಇತ್ತು, ಪ್ರಭೂ.”

ಮಹಾರಾಜರ ಕಣ್ಣು ತೇವಗೊಂಡಿತು. ಅಂದೇ ಪ್ರಚಂಡ ಶಕೆ ಘೋಷಣೆಯಾಯಿತು. ಪಟ್ಟಾಭಿಷೇಕದ ದಿನವೇ ಒಂದನೆಯ ವರ್ಷದ ಒಂದನೆಯ ದಿನ. ಅದರ ಹಿಂದೆ ಏನೂ ಇಲ್ಲ. ಸ್ತುತಿ ಇಲಾಖೆ ಇದಕ್ಕೊಂದು ಹೊಸ ಬಾಲಂಗೋಚಿ ಮಾಡಿಸಿತು. ಅದು ಪಟ್ಟಾಭಿಷೇಕದಿಂದ ಈಚಿನ ದಿನಗಳನ್ನಷ್ಟೇ ಎಣಿಸಬಲ್ಲ ತನ್ನದೇ ಒಂದು ‘ಸಾಮಾನ್ಯ’ ಕಡತವನ್ನೂ ಜೊತೆಗೆ ತಂದಿತ್ತು.

ಅದನ್ನು ಅಳವಡಿಸಲು ಲಲಿತಾಂಗದೇವರು ಖುದ್ದಾಗಿ, ಬರಿಗಾಲಲ್ಲಿ ಬಂದರು. ಪರದೆಯ ಮೇಲೊಂದು ಪ್ರಶ್ನೆ ಮೂಡಿತು: ‘ಈ ಹೆಸರಿನ ಕಡತ ಈಗಾಗಲೇ ಇದೆ. ಅದನ್ನು ತೆಗೆದು ಇದನ್ನು ಇಡಲೇ?’

“ಬ್ಯಾಡ ಅನ್ನಿ ಬುದ್ಧಿ,” ಎಂದಳು ಹೊಂಬಾಳಮ್ಮ. “ಹೆಸ್ರು ಒಂದೇ ಆದ್ರೂ ಒಳಗಿರೋದು ಬ್ಯಾರೆ. ಹಳೇದ್ನ ಎಲ್ಲಾ ಇಲಾಖೆಯೋರೂ ನಂಬ್ಕೊಂಡವ್ರೆ. ನಿಮ್ದನ್ನ ನಿಮ್ಮ ಬಾಲಂಗೋಚಿ ಪಕ್ಕದಲ್ಲೇ, ಅದರ ಗೂಡೊಳಗೇ ಇಟ್ಕೊಳ್ಳಿ. ನಿಮ್ದಕ್ಕೆ ನಿಮ್ದು ಸಿಕ್ತದೆ, ಉಳಿದೋವಕ್ಕೆ ಹಳೇದು ಸಿಕ್ತದೆ. ಯಾರ ತಂಟೆಗೂ ಯಾರೂ ಹೋಗಂಗಿಲ್ಲ.”

“ಮಹಾರಾಜರ ಕಾಲವನ್ನು ಗೂಡಿನಲ್ಲಿ ಇಡುವುದೇ?” ಸಚಿವರು ಬೆವರಿದರು. “ಯಾರಾದರೂ ಕೇಳಿಸಿಕೊಂಡಾರು, ಮೆಲ್ಲಗೆ ಮಾತಾಡಮ್ಮ.” ಅಷ್ಟು ಹೇಳಿ ‘ಹೌದು’ ಒತ್ತಿದರು.

ಮರುದಿನ ಬೆಳಿಗ್ಗೆ ಕುಂಬಾರ ಕೆಂಪನಂಜಯ್ಯ ರಾಜಾಸ್ಪತ್ರೆಗೆ ಬಂದ. ಅವನಿಗೆ ಎಪ್ಪತ್ತೊಂದು. ಎರಡೂ ಕಣ್ಣಿಗೆ ಪೊರೆ ಬಂದು, ತಿಗರಿಯ ಮೇಲಿನ ಮಡಕೆಯ ಅಂಚನ್ನು ಬೆರಳಿನಿಂದಲೇ ನೋಡುತ್ತಿದ್ದ. ಅರವತ್ತು ದಾಟಿದವರಿಗೆ ಪುಕ್ಕಟೆ ಶಸ್ತ್ರಚಿಕಿತ್ಸೆ ಮಾಡುತ್ತಿದ್ದರು. ಎಂಟು ತಿಂಗಳು ಕಾದ ಮೇಲೆ ಅವನ ಸರದಿ ಬಂದಿತ್ತು. ಗುಮಾಸ್ತ ಚೀಟಿ ಮುದ್ರಿಸಿ, ಓದಿ, ತಲೆ ಕೆರೆದುಕೊಂಡ.

“ಅಜ್ಜಾ, ನೀನಿನ್ನೂ ಹುಟ್ಟಿಲ್ಲ ಅಂತ ಬಂದೈತೆ.”

“ಹಂಗಾದ್ರೆ ಪೊರೆ ಬಂದಿರೋ ಈ ಕಣ್ಣು ಯಾರ್ದಪ್ಪಾ?” ಎಂದ ಕೆಂಪನಂಜಯ್ಯ.

ಗುಮಾಸ್ತನ ಬಳಿ ಅದಕ್ಕೆ ಅಂಕಣವಿರಲಿಲ್ಲ. ಅಷ್ಟು ಹೊತ್ತಿಗೆ ಪಡಿತರದ ಅಂಗಡಿಯಲ್ಲೂ ಪಹಣಿ ಕಚೇರಿಯಲ್ಲೂ ಅದೇ ಗಲಾಟೆ. ಹನ್ನೆರಡು ದಾಟಿದ ಒಬ್ಬನೇ ಒಬ್ಬ ಪ್ರಜೆಯೂ ಹುಟ್ಟಿರಲಿಲ್ಲ.

ಹೊಂಬಾಳಮ್ಮ ಹಳೆಯ ಕಡತದ ಒಂದು ಪ್ರತಿಯನ್ನು ತೆಗೆದಿಟ್ಟಿದ್ದಳು. ಅದನ್ನು ಹಿಡಿದು, ಕೆಂಪನಂಜಯ್ಯನ ಕೈಹಿಡಿದು, ನೇರ ಒಡ್ಡೋಲಗಕ್ಕೆ ಬಂದಳು.

“ಇದ್ನ ವಾಪಸ್ ಅಲ್ಲೇ ಇಟ್ರೆ ಆಯ್ತು ಮಹಾಸ್ವಾಮಿ. ಒಂದು ಗಳಿಗೆ ಕೆಲ್ಸ. ಈ ಅಜ್ಜಯ್ಯಂಗೆ ಇವತ್ತೇ ಆಪರೇಸನ್ನು.”

ಮಹಾರಾಜರು ಸಚಿವರ ಕಡೆ ನೋಡಿದರು.

“ಇಟ್ಟರೆ ತಮ್ಮ ಶಕೆ ಬಿದ್ದುಹೋಗುತ್ತದೆ, ಪ್ರಭೂ,” ಎಂದರು ಲಲಿತಾಂಗದೇವರು. “ತಂತ್ರಾಂಶ ತಪ್ಪು ಮಾಡಿಲ್ಲ, ಪ್ರಜೆಗಳು ಮಾಡಿದ್ದಾರೆ. ತಮ್ಮ ಅಪ್ಪಣೆಗೆ ಕಾಯದೆ ಅವಸರದಲ್ಲಿ ಹುಟ್ಟಿಬಿಟ್ಟಿದ್ದಾರೆ.”

“ಪರಿಹಾರ?”

“ಕ್ಷಮಿಸಿಬಿಡಿ, ಪ್ರಭೂ. ಅವರೆಲ್ಲ ಪಟ್ಟಾಭಿಷೇಕದ ದಿನವೇ ಹುಟ್ಟಿದರೆಂದು ಆಜ್ಞೆಯಾಗಲಿ.”

“ನಮ್ಮ ಔದಾರ್ಯ ನಮಗೇ ಆಶ್ಚರ್ಯ ತರುತ್ತಿದೆ,” ಎಂದು ಮಹಾರಾಜರು ಮುದ್ರೆ ಒತ್ತಿದರು.

ಹೊಂಬಾಳಮ್ಮ ಬಾಯಿ ತೆರೆದಳು. ಭಟರು ಬಾಗಿಲು ತೆರೆದರು.

ಹೀಗೆ, ವಾಚಕ ಮಹಾಶಯರೇ, ಆ ರಾಜ್ಯದ ದೊಡ್ಡವರೆಲ್ಲ ಒಂದೇ ಏಟಿಗೆ ಹನ್ನೆರಡು ವರ್ಷದವರಾದರು. ಎಲ್ಲರಿಗೂ ಹುಟ್ಟಿದ ದಿನ ಸಿಕ್ಕಿತು, ಚೀಟಿಗಳು ಸರಾಗವಾಗಿ ಮುದ್ರಣಗೊಂಡವು, ತಾಂತ್ರಿಕ ತೊಂದರೆ ನಿವಾರಣೆಯಾಯಿತೆಂದು ಪ್ರಕಟಣೆ ಹೊರಟಿತು. ವೃದ್ಧರೇ ಇಲ್ಲವಾದ್ದರಿಂದ ವೃದ್ಧರ ಕಣ್ಣಿನ ಚಿಕಿತ್ಸೆ ನಿಂತಿತು. ಕೆಂಪನಂಜಯ್ಯನಿಗೆ ವೈದ್ಯರು ಕ್ಯಾರೆಟ್ ತಿನ್ನಲು ಹೇಳಿ, ಬೆಳೆಯುವ ವಯಸ್ಸು, ತಾನಾಗಿ ಸರಿಹೋಗುತ್ತದೆ ಎಂದು ಬೆನ್ನು ತಟ್ಟಿದರು. ಬಾಲಕಾರ್ಮಿಕ ನಿಷೇಧದ ಕಾಯಿದೆಯಡಿ ಹೊಂಬಾಳಮ್ಮನನ್ನು ಕೆಲಸದಿಂದ ಬಿಡುಗಡೆ ಮಾಡಿ, ಕೈಗೊಂದು ಪಾಟಿ ಕೊಟ್ಟು ಆರನೆಯ ತರಗತಿಗೆ ಸೇರಿಸಿದರು. ಮಂತ್ರಿಗಳಿಗೂ ಅವರ ಗುಮಾಸ್ತರಿಗೂ ಹನ್ನೆರಡೇ ಆಗಿತ್ತಾದರೂ ಅವರು ಮಾಡುತ್ತಿದ್ದುದನ್ನು ಕಾಯಿದೆ ಆಟವೆಂದು ಪರಿಗಣಿಸಿ ವಿನಾಯಿತಿ ಕೊಟ್ಟಿತು. ಆಡಳಿತದಲ್ಲಿ ಅದರಿಂದ ವ್ಯತ್ಯಾಸವೇನೂ ಕಾಣಲಿಲ್ಲ.

ಆಮೇಲೆ ನ್ಯಾಯಸಚಿವರಿಗೆ ಒಂದು ಅಂಶ ಹೊಳೆಯಿತು. ಅಪ್ರಾಪ್ತರು ಮನೆ, ಹೊಲ ಇಟ್ಟುಕೊಳ್ಳುವಂತಿಲ್ಲ, ಪಾಲಕರು ಬೇಕು. ಮಹಾರಾಜರು ತ್ಯಾಗಬುದ್ಧಿಯಿಂದ ಇಡೀ ರಾಜ್ಯದ ಪಾಲಕರಾಗಲು ಒಪ್ಪಿದರು. ಪಾಲಕರ ನಮೂನೆಯಲ್ಲಿ ವಯಸ್ಸಿನ ಅಂಕಣವಿರಲಿಲ್ಲ. ಅದೇ ವಾರ ಲಲಿತಾಂಗದೇವರಿಗೆ ‘ಕಾಲಭೂಷಣ’ ಎಂಬ ಬಿರುದನ್ನೂ ವಜ್ರದ ಗಡಿಯಾರವನ್ನೂ ದಯಪಾಲಿಸಲಾಯಿತು.

ತಮ್ಮ ತಮ್ಮ ಮನೆಗಳಲ್ಲಿ ವಾಸಿಸಲು ಅನುಮತಿ ಬೇಡುವವರ ಸಾಲು ಪಾಲಕರ ಕಚೇರಿಯಿಂದ ಕೆರೆಯ ಏರಿಯವರೆಗೂ ಹಬ್ಬಿತು. ಹೊಂಬಾಳಮ್ಮ ಶಾಲೆ ತಪ್ಪಿಸಿ ಬಂದು, ಈಗ ಕಣ್ಣು ಪೂರಾ ಕತ್ತಲಾಗಿದ್ದ ಕೆಂಪನಂಜಯ್ಯನನ್ನು ಕಿಟಕಿಯ ತನಕ ನಡೆಸಿಕೊಂಡು ಹೋದಳು. ಅವನು ತಡವರಿಸುತ್ತ ಅರ್ಜಿ ಚಾಚಿದ. ಒಳಗಿದ್ದ ಗುಮಾಸ್ತ ಅದನ್ನು ಮುಟ್ಟಲಿಲ್ಲ.

“ಹಿಂಗೆ ಮಕ್ಳು ಮಕ್ಳೇ ಬಂದ್ರೆ ತಗೊಳಲ್ಲ. ಜೊತೇಲಿ ದೊಡ್ಡೋರು ಯಾರಾದ್ರೂ ಬಂದವ್ರಾ?”

ಹೊಂಬಾಳಮ್ಮ ಹಿಂದಕ್ಕೆ ತಿರುಗಿದಳು. ಅವಳ ಹಿಂದಿನವನು ಅವನ ಹಿಂದಿನವಳ ಕಡೆ, ಅವಳು ತನ್ನ ಹಿಂದಿನವನ ಕಡೆ, ಹೀಗೆ ಇಡೀ ಸಾಲು ಕೆರೆಯ ಏರಿಯವರೆಗೂ ತಿರುಗಿ ತಿರುಗಿ ನೋಡಿತು. ನರೆತ ತಲೆಗಳು, ಬಾಗಿದ ಬೆನ್ನುಗಳು ಎಷ್ಟೋ ಕಂಡವು. ದೊಡ್ಡವರು ಮಾತ್ರ ಒಬ್ಬರೂ ಸಿಗಲಿಲ್ಲ.