ನಮ್ಮ ಮನೆ ಮುಂದಿನ ಪೈನು

ಒಂದು ಮರವನ್ನು ಜನ್ಮದಲ್ಲಿ ಕಣ್ಣಾರೆ ನೋಡದೆ, ಆ ಮರದ ದಯೆಯಿಂದಲೇ ಡಿಗ್ರಿ ಪಡೆದವರು ಈ ದೇಶದಲ್ಲಿ ಬೇಕಾದಷ್ಟು ಜನ ಇರಬೇಕು. ಅವರಲ್ಲಿ ನಾನೂ ಒಬ್ಬಳು. ನನ್ನದು ಪೈನ್ ಮರ. ಬಿ.ಎಸ್ಸಿ.ಯಲ್ಲಿ ಸಸ್ಯಶಾಸ್ತ್ರ ತೆಗೆದುಕೊಂಡವರಿಗೆ ಪೈನಿನಿಂದ ಬಿಡುಗಡೆಯಿಲ್ಲ. ಹನಕೆರೆಯಿಂದ ಮಂಡ್ಯಕ್ಕೆ ರೈಲಿನಲ್ಲಿ ಒಂದು ಕೈಯಲ್ಲಿ ಕಂಬಿ, ಇನ್ನೊಂದರಲ್ಲಿ ನೋಟ್ಸು ಹಿಡಿದು ನಿಂತು, ಕಿಟಕಿಯಾಚೆ ಕಬ್ಬಿನ ಗದ್ದೆ ಓಡುತ್ತಿದ್ದರೆ ಈಚೆ ನಾನು ಹಿಮಾಲಯದ ಮರದ ಸಂತಾನಾಭಿವೃದ್ಧಿಯನ್ನು ಬಾಯಿಪಾಠ ಮಾಡುತ್ತಿದ್ದೆ. ಪೈನಿನ ಗಂಡು ಕಾಯಿ ಯಾವುದು, ಹೆಣ್ಣು ಕಾಯಿ ಯಾವುದು ಎಂದು ನಾನು ಗುನುಗುವುದನ್ನು ಕೇಳಿ ಸೊಪ್ಪಿನ ಮೂಟೆಯ ಮೇಲೆ ಕುಳಿತ ಹೆಂಗಸೊಬ್ಬಳು, "ಯಾರಿಗವ್ವ ಮದ್ವೆ?" ಎಂದು ಕೇಳಿದ್ದೂ ಉಂಟು. ಕೊನೆಯ ವರ್ಷದ ಪ್ರಾಕ್ಟಿಕಲ್ ಪರೀಕ್ಷೆಯಲ್ಲಿ ಮೈಕ್ರೋಸ್ಕೋಪಿನೊಳಗೆ ಕಣ್ಣಿಟ್ಟರೆ, ಕಿತ್ತಳೆ ತೊಳೆಯ ಆಕಾರದ ಒಂದು ಸೀಳು ಕಾಣಿಸಿತು. ಪೈನಿನ ಸೂಜಿ ಎಲೆ! ಬೇರೆಲ್ಲ ಪ್ರಶ್ನೆಗಳಲ್ಲಿ ತಡವರಿಸಿದವಳನ್ನು ದಡ ಸೇರಿಸಿದ್ದು ಆ ಸೀಳೇ.

ನಮ್ಮ ವಂಶದಲ್ಲಿ ಅದೇ ಮೊದಲ ಡಿಗ್ರಿ. ಹಾಗಾಗಿ ನಮ್ಮವ್ವ ಅದಕ್ಕೆ ಕಟ್ಟು ಹಾಕಿಸಿ ದೇವರ ಪಟಗಳ ಸಾಲಿನಲ್ಲಿ ನೇತುಹಾಕಿದಳು. ಆಯುಧಪೂಜೆಯ ದಿನ ಕುಡುಗೋಲು, ಪಂಪ್‌ಸೆಟ್ಟಿನ ಜೊತೆ ಅದಕ್ಕೂ ಅರಿಶಿನ ಕುಂಕುಮ. ವರ್ಷ ವರ್ಷ ಬೊಟ್ಟಿನ ಮೇಲೆ ಬೊಟ್ಟು ಬಿದ್ದು ಈಗ ಗಾಜಿನ ಹಿಂದೆ ನನ್ನ ಹೆಸರು ಕಾಣುವುದಿಲ್ಲ. ಯಾರದೋ ಒಂದು ಡಿಗ್ರಿ ನಮ್ಮ ಮನೆಯಲ್ಲಿದೆ ಎಂಬುದಷ್ಟೇ ಗೊತ್ತಾಗುತ್ತದೆ.

ಈಗ ನಾನು ಮಂಡ್ಯದ ಒಂದು ಹೈಸ್ಕೂಲಿನಲ್ಲಿ ವಿಜ್ಞಾನದ ಟೀಚರು. ನಮ್ಮ ಯಜಮಾನರದು ಪಂಪ್‌ಸೆಟ್ ಮೋಟಾರ್ ರಿಪೇರಿ ಅಂಗಡಿ. ಜೊತೆಗೆ ಮಳವಳ್ಳಿ ಕಡೆಯ ಅತ್ತೆ. ಬದುಕು ನೆಟ್ಟಗೇ ನಡೆಯುತ್ತಿತ್ತು, ಮದ್ದೂರಿನಲ್ಲಿರುವ ಯಜಮಾನರ ಅಕ್ಕ ಸುನಂದಕ್ಕ ಹೊಸ ಮನೆ ಕಟ್ಟಿಸುವವರೆಗೆ.

ಗೃಹಪ್ರವೇಶಕ್ಕೆ ಹೋದರೆ ಗೇಟಿನ ಎರಡೂ ಪಕ್ಕ ಹೆದ್ದಾರಿ ನರ್ಸರಿಯ ಎರಡು ಗಿಡ ನಿಂತಿದ್ದವು. ಅಂತಸ್ತು ಅಂತಸ್ತಾಗಿ ರೆಂಬೆ ಚಾಚಿಕೊಂಡು, ಮದುವೆ ಛತ್ರದ ಬಾಗಿಲಲ್ಲಿ ಪನ್ನೀರು ಚಿಮುಕಿಸಲು ನಿಂತ ಹುಡುಗಿಯರಂತೆ ನೆಟ್ಟಗಿದ್ದವು. ಸುನಂದಕ್ಕ ಬಂದವರಿಗೆಲ್ಲ ದೇವರ ಮನೆಗಿಂತ ಮೊದಲು ಅವನ್ನೇ ತೋರಿಸುತ್ತಿದ್ದಳು. "ಪೈನ್ ಮರ ಕಣ್ರವ್ವ. ಊಟಿಲಿರ್ತದಲ್ಲ, ಅದೇಯ."

ನಾನು ಸುಮ್ಮನಿದ್ದರೆ ಈ ಪ್ರಬಂಧವೇ ಇರುತ್ತಿರಲಿಲ್ಲ. ಆದರೆ ಓದಿ ಪಾಸಾದ ವಿಷಯದಲ್ಲಿ ಸುಮ್ಮನಿರುವ ಗುಣ ನನಗೆ ಬಂದಿಲ್ಲ. ಮೊದಲ ತಲೆಮಾರಿನ ಡಿಗ್ರಿ ಹಾಗೇ, ಹೊಸ ಚಪ್ಪಲಿಯಂತೆ ಹೆಜ್ಜೆಗೊಮ್ಮೆ ಸದ್ದು ಮಾಡುತ್ತದೆ. "ಸುನಂದಕ್ಕ, ಇದು ಪೈನಲ್ಲ. ಇದರ ತವರು ಪೆಸಿಫಿಕ್ ಸಾಗರದ ಮಧ್ಯದ ಒಂದು ದ್ವೀಪ. ಕ್ರಿಸ್‌ಮಸ್ ಗಿಡ ಅಂತ ಮಾರ್ತಾರೆ. ಪೈನಿಗೆ ಸೂಜಿಗಳು ಗೊಂಚಲು ಗೊಂಚಲಾಗಿ ಬರ್ತವೆ" ಎಂದೆ, ಬಂದ ನೆಂಟರ ಎದುರಿಗೇ.

ಸುನಂದಕ್ಕ ಆರತಿ ತಟ್ಟೆ ಕೆಳಗಿಟ್ಟಳು. "ನರ್ಸರಿಯವ್ನು ದಿನಾ ಮಾರೋನು, ಅವನೇ ಪೈನು ಅಂದವ್ನೆ. ನೀನು ಯಾವತ್ತಾದ್ರೂ ಪೈನ್ ಮರ ನೋಡಿದ್ದೀಯೇನವ್ವ?"

ಆ ಪ್ರಶ್ನೆ ಇವತ್ತಿಗೂ ಎದೆಯಲ್ಲಿ ನಾಟಿಕೊಂಡಿದೆ. ನಾನು ನೋಡಿದ್ದು ಗಾಜಿನ ಮೇಲಿನ ಸೀಳು. ಹಾಗೆಂದು ಹೇಳಲಾಗುತ್ತದೆಯೇ? "ಬರೋ ವರ್ಷದ ಗೌರಿ ಹಬ್ಬಕ್ಕೆ ಬಾಗಿನ ತಗೊಳ್ಳೋಕೆ ತವರಿಗೆ ಬರ್ತೀರಲ್ಲ, ಅಷ್ಟರಲ್ಲಿ ನಮ್ಮನೆ ಮುಂದೆ ಅಸಲಿ ಪೈನು ಇರುತ್ತೆ, ನೋಡಿ" ಎಂದುಬಿಟ್ಟೆ. "ಇದ್ರೆ ಈ ಎರಡನ್ನೂ ಪೈನಲ್ಲ ಅಂತ ನಾನೇ ಬೀದಿಗೆಲ್ಲ ಸಾರ್ತೀನಿ. ಇಲ್ದಿದ್ರೆ ನೀನು ಆ ಕಾಗ್ದುಕ್ಕೆ ಕುಂಕುಮ ಇಕ್ಸೋದ್ನ ಬುಟ್ಬುಡು" ಎಂದಳು ಸುನಂದಕ್ಕ. ನೆಂಟರು ನಕ್ಕರು. ನಮ್ಮ ಯಜಮಾನರು ಇನ್ನೊಂದು ಸುತ್ತು ಪಾಯಸಕ್ಕೆ ಹೋದರು.

ಆ ಬೇಸಿಗೆಯಲ್ಲಿ ಟೀಚರುಗಳೆಲ್ಲ ಸೇರಿ ಉತ್ತರಾಖಂಡದ ಯಾತ್ರೆಗೆ ಹೊರಟೆವು. ಉಳಿದವರು ಪುಣ್ಯಕ್ಕೆ, ನಾನು ಪೈನಿಗೆ. ನೈನಿತಾಲಿನ ಕಡೆ ಬಸ್ಸು ಬೆಟ್ಟ ಹತ್ತುತ್ತಿದ್ದಂತೆ ಕಿಟಕಿಯ ಎರಡೂ ಕಡೆ ಚೀರ್ ಪೈನಿನ ಕಾಡು. ನಾನು ಇಳಿದು ಒಂದು ಮರದ ತೊಗಟೆಗೆ ಕೆನ್ನೆ ಒತ್ತಿ ನಿಂತೆ. ಜೊತೆಯ ಹಿಂದಿ ಟೀಚರು, "ಬದರಿನಾಥಕ್ಕೂ ಮೊದಲೇ ಈಕೆಗೆ ದರ್ಶನವಾಯಿತು" ಎಂದು ಎಲ್ಲರಿಗೂ ಹೇಳಿದರು. ಕೆಳಗೆ ಬಿದ್ದ ಸೂಜಿಗಳನ್ನು ಆರಿಸಿ ನೋಡಿದರೆ ಗೊಂಚಲಿಗೆ ಮೂರು, ಪುಸ್ತಕದಲ್ಲಿದ್ದಂತೆಯೇ! ಇನ್ನೂ ಮೇಲೆ, ಚಳಿ ಹೆಚ್ಚಿದ ಕಡೆ, ಗೊಂಚಲಿಗೆ ಐದು ಸೂಜಿಯ ನೀಲಿ ಪೈನು. ಪುಸ್ತಕ ಸುಳ್ಳು ಹೇಳಿಲ್ಲವೆಂದು ಅಷ್ಟು ವರ್ಷದ ಮೇಲೆ ಖಾತ್ರಿಯಾದಾಗ ನನ್ನ ಕಣ್ಣಲ್ಲಿ ನೀರು ಬಂತು. ಚೀರ್ ಪೈನಿನ ಬಾಯಿ ಬಿಟ್ಟ ಕಾಯಿಗಳನ್ನು ಕೊಡವಿ, ಒಂದೇ ಪಕ್ಕಕ್ಕೆ ರೆಕ್ಕೆಯಿರುವ ಬೀಜಗಳನ್ನು ಕರವಸ್ತ್ರದಲ್ಲಿ ಕಟ್ಟಿಕೊಂಡು ಬಂದೆ. ಉಳಿದವರು ಗಂಗಾಜಲ ತಂದರು.

ಮರಳು ಬೆರೆಸಿದ ಮಣ್ಣಿನ ಕುಂಡದಲ್ಲಿ ಬೀಜ ಹಾಕಿದೆ. ಹುಟ್ಟಿದ ಸಸಿಗಳಲ್ಲಿ ಕೆಲವನ್ನು ಇರುವೆ, ಕೆಲವನ್ನು ಪಕ್ಕದ ಮನೆಯ ಕೋಳಿ ನೋಡಿಕೊಂಡವು. ಒಂದು ಉಳಿಯಿತು. ಅಲ್ಲಿಂದ ನಮ್ಮ ಮನೆಯ ಕಷ್ಟ ಶುರುವಾಯಿತು.

ನಮ್ಮ ಕಡೆಯವರ ಒಂದು ಗುಣವನ್ನು ಇಲ್ಲಿ ಹೇಳಬೇಕು. ನಾಲೆ ನೀರು ಕುಡಿದು ಬೆಳೆದವರು ನಾವು. ನಮ್ಮ ಪ್ರಕಾರ ಗಿಡಕ್ಕೆ ಬರುವ ಕಾಯಿಲೆ ಒಂದೇ, ಅದಕ್ಕೆ ಔಷಧಿಯೂ ಒಂದೇ. ಎಲೆ ಬಾಡಿದರೆ ನೀರು ಸಾಲದು, ಎಲೆ ಹಳದಿಯಾದರೆ ನೀರು ಸಾಲದು, ಗಿಡ ಚೆನ್ನಾಗಿದ್ದರೆ ನೀರು ಬಿಟ್ಟರೆ ಇನ್ನೂ ಚೆನ್ನಾಗಿರುತ್ತದೆ. ಮನೆಗೆ ಬಂದವರಿಗೆ ಬೇಕೇ ಎಂದು ಕೇಳದೆ ಹೇಗೆ ಅನ್ನದ ಮೇಲೆ ಅನ್ನ ಬಡಿಸುತ್ತೇವೋ, ಗಿಡಕ್ಕೂ ಹಾಗೆ. ಪೈನೋ, ಒಣ ಗುಡ್ಡದ ಇಳಿಜಾರಿನಲ್ಲಿ, ಬಿದ್ದ ನೀರು ನಿಲ್ಲದೆ ಹರಿದುಹೋಗುವ ಕಡೆ ಬೆಳೆಯುವಂಥದ್ದು. ಬುಡದಲ್ಲಿ ನೀರು ನಿಂತರೆ ಬೇರು ಕೊಳೆತು ಸತ್ತೇ ಹೋಗುತ್ತದೆ.

ಇದನ್ನು ಅತ್ತೆಗೆ ಎಷ್ಟು ರೀತಿಯಲ್ಲಿ ಹೇಳಿದೆನೋ! "ಅತ್ತೆ, ಮಣ್ಣು ಒಣಗಿದ ಮೇಲೆ ಸ್ವಲ್ಪ ಸಾಕು. ನಾನೇ ಹಾಕ್ತೀನಿ, ನೀವು ಮುಟ್ಟಬೇಡಿ."

"ನೀರ್ ಆಕ್ದೆ ಗಿಡ ಬದುಕ್ತದೇನವ್ವ? ಬಾಯಿಲ್ಲದ ಜೀವ. ಅದೇನು ನಿನ್ನಂಗೆ ಕಿರ್ಚ್ಕತದ?"

"ಅದು ಬೆಟ್ಟದ ಗಿಡ, ಅತ್ತೆ."

"ಬೆಟ್ಟದ ದ್ಯಾವ್ರಿಗೂ ಅಬಿಸೇಕ ಮಾಡಲ್ವಾ?"

ಇಂಥ ಪ್ರಶ್ನೆಗೆ ಯಾವ ಸಿಲಬಸ್ಸಿನಲ್ಲೂ ಉತ್ತರವಿಲ್ಲ. ಬೀದಿಯವರೂ ಹಾಲು ತರುವಾಗ, ವಾಕಿಂಗ್ ಹೋಗುವಾಗ ನಿಂತು, "ಸೊರಗದಲ್ಲ ಟೀಚರಮ್ಮ, ಒಂಚೂರು ಯೂರಿಯಾ ಕೊಡಿ" ಎನ್ನುತ್ತಿದ್ದರು. ನಮ್ಮ ಯಜಮಾನರಂತೂ ಅಂಗಡಿಯಲ್ಲಿ ಹೊಸದಾಗಿ ತಂತಿ ಸುತ್ತಿದ ಮೋಟಾರನ್ನು ಮನೆಗೆ ತಂದು, "ಇದನ್ನ ಟೆಸ್ಟ್ ಮಾಡ್ಬೇಕು, ಎಲ್ಲಿಗಾದ್ರೂ ನೀರು ಬಿಡ್ಬೇಕು" ಎಂದು ಆಸೆಗಣ್ಣಿನಿಂದ ಕುಂಡವನ್ನು ನೋಡುತ್ತಿದ್ದರು. ಇಷ್ಟೆಲ್ಲದರ ನಡುವೆಯೂ ಆ ಸಸಿ ಗೇಣುದ್ದ ಬೆಳೆಯಿತು. ಎಳೆಯ ಪೈನಿನಲ್ಲಿ ಮೊದಮೊದಲು ಬರುವುದು ಒಂಟಿ ಎಲೆಗಳು, ಗೊಂಚಲು ಬರುವುದು ಆಮೇಲೆ. ಗೌರಿ ಹಬ್ಬ ಹತ್ತಿರವಾದಾಗ ಒಂದು ಬೆಳಿಗ್ಗೆ ತುದಿಯಲ್ಲಿ ಒಂದು ಗೊಂಚಲು ಕಣ್ಣು ಬಿಟ್ಟಿತ್ತು. ಬಿಡಿಸಿ ಎಣಿಸಿದೆ. ಮೂರು! ರ್‍ಯಾಂಕ್ ಬಂದವಳಂತೆ ಬೀದಿಗೆಲ್ಲ ಕೇಳುವಂತೆ ಕೂಗಿಕೊಂಡೆ.

ಅದೇ ವಾರ ಮೈಸೂರಿನಲ್ಲಿ ಟೀಚರುಗಳಿಗೆ ತರಬೇತಿ ಬಂತು, ಅಲ್ಲೇ ಉಳಿದುಕೊಳ್ಳಬೇಕೆಂಬ ಆಜ್ಞೆಯೊಂದಿಗೆ. ಹೊರಡುವಾಗ ಅತ್ತೆಯ ಕೈ ಹಿಡಿದು, "ದಮ್ಮಯ್ಯ, ನೀರು ಹಾಕ್ಬೇಡಿ" ಎಂದೆ. "ಓಗ್ ಬಾರವ್ವ, ನಾ ನೋಡ್ಕತೀನಿ" ಎಂದರು. 'ನೋಡ್ಕತೀನಿ' ಎಂದರೆ ನಮ್ಮ ಕಡೆ ಏನರ್ಥವೆಂಬುದನ್ನು ಬಸ್ಸಿನಲ್ಲಿ ಕುಳಿತ ಮೇಲೆ ನೆನೆದು ಬೆವರಿದೆ.

ಹಬ್ಬದ ದಿನ ಬೆಳಿಗ್ಗೆ ಬಂದು ಇಳಿದರೆ ಸುನಂದಕ್ಕ ಆಗಲೇ ಬಂದು ಕುಂಡದ ಎದುರು ಸೊಂಟದ ಮೇಲೆ ಕೈಯಿಟ್ಟು ನಿಂತಿದ್ದಳು. ಕುಂಡದಲ್ಲಿ ಮೊಣಕಾಲೆತ್ತರದ ಗಿಡವೊಂದು ಹಸಿರಾಗಿ ಜೋಲಾಡುತ್ತಿತ್ತು. ನಾನು ಹೋಗುವಾಗ ಗೇಣುದ್ದವಿತ್ತು. ಹತ್ತಿರ ಹೋಗುವುದೂ ಬೇಕಾಗಲಿಲ್ಲ. ಅದು ಸರ್ವೆ, ಕೆಲವರು ಗಾಳಿಮರ ಎನ್ನುವುದು. ದುದ್ದದಲ್ಲಿರುವ ಅತ್ತೆಯ ತಮ್ಮ ಕಂಬಕ್ಕೆಂದು ಬೆಳೆಯುವ ಸರ್ವೆ ತೋಪಿನ ಸಸಿ. ಅತ್ತೆಯ ಮುಖ ನೋಡಿದೆ. ಅವರು ಹೊಸಲಿನ ರಂಗೋಲಿ ನೋಡಿದರು. ಯಜಮಾನರ ಕಡೆ ತಿರುಗಿದೆ. ಅವರ ಉಗುರಿನಲ್ಲಿ ಇನ್ನೂ ಮಣ್ಣಿತ್ತು. ನಡೆದದ್ದೆಲ್ಲ ಒಂದೇ ಗಳಿಗೆಯಲ್ಲಿ ಅರ್ಥವಾಯಿತು. ನೀರು ಬಿದ್ದಿದೆ, ಪೈನು ಸತ್ತಿದೆ, ಸೊಸೆಯ ಮಾನ ಹೋಗಬಾರದೆಂದು ತಾಯಿ ಮಗ ದುದ್ದಕ್ಕೆ ಓಡಿದ್ದಾರೆ.

"ಇದು ಸರ್ವೆ ಇದ್ದಂಗದಲ್ಲವ್ವ?" ಎಂದಳು ಸುನಂದಕ್ಕ ತಾಯಿಯ ಕಡೆ ತಿರುಗಿ. ಮಳವಳ್ಳಿ ಕಡೆ ಹುಟ್ಟಿ ಬೆಳೆದವಳಿಗೆ ಸರ್ವೆ ಗೊತ್ತಿಲ್ಲದೆ ಇರುತ್ತದೆಯೇ?

"ಯೇ ಬುಡು, ಪೈನು ಚಿಕ್ಕದ್ರಲ್ಲಿ ಅಂಗೇಯ" ಎಂದರು ಅತ್ತೆ, ಹುಟ್ಟಿದಾಗಿನಿಂದ ಪೈನನ್ನೇ ಸಾಕಿದವರಂತೆ.

ಸುನಂದಕ್ಕ ನನ್ನ ಕಡೆ ತಿರುಗಿದಳು. "ನೀನು ಓದಿರೋಳು. ನೀನೇ ಏಳ್ಬುಡವ್ವ. ನೀನು ಪೈನು ಅಂದ್ರೆ ನಾನು ಇವತ್ತೇ ಸೋತೆ ಅಂತೀನಿ. ಇದು ಪೈನಾ, ಸರ್ವೆಯಾ?"

ಅತ್ತೆ ಕಣ್ಣಲ್ಲೇ ಬೇಡುತ್ತಿದ್ದರು. ಒಂದು ಮಾತು, 'ಪೈನು' ಎಂದರೆ ಮುಗಿಯಿತು. ಅತ್ತೆಗೆ ಮಗಳೆದುರು ಮಾನ, ನನಗೆ ಗೆಲುವು. ಬಾಯಿ ತೆರೆದೆ. ಎದುರಿಗೆ ಮೈಕ್ರೋಸ್ಕೋಪಿನ ಆ ಸೀಳು ಬಂದು ನಿಂತಿತು. ಕೈ ತಾನಾಗಿ ಗಿಡದಿಂದ ಒಂದು ಕಡ್ಡಿ ಮುರಿದು, ಎಳೆದು, ಗೆಣ್ಣು ಗೆಣ್ಣಾಗಿ ಕಳಚಿತು. "ಸರ್ವೆ" ಎಂದೆ. "ಇದು ಸೂಜಿ ಎಲೆಯೇ ಅಲ್ಲ, ಗೆಣ್ಣಿರೋ ಕಡ್ಡಿ. ಇದು ಹೂ ಬಿಡೋ ಜಾತಿ. ಪೈನಿಗೂ ಇದಕ್ಕೂ ಸಂಬಂಧವೇ ಇಲ್ಲ."

"ನನ್ ತಾಯಿ!" ಎಂದು ಅತ್ತೆ ಸೆರಗಿನಲ್ಲಿ ಮುಖ ಒರೆಸಿಕೊಂಡರು. "ನಿನ್ ಮಾನ ಉಳಿಸಾನ ಅಂತ ಬಸ್ಸಲ್ಲಿ ಅಷ್ಟು ದೂರದಿಂದ ಮಡ್ಲಲ್ಲಿ ಇಟ್ಕಂಡು ತಂದ್ನಲ್ಲವ್ವ, ಅನುಬವುಸು!"

ಸುನಂದಕ್ಕ ಗೆದ್ದೆ ಎಂದು ಕುಣಿಯಬಹುದಿತ್ತು. ಕುಣಿಯಲಿಲ್ಲ. ನಿಜಕ್ಕೂ ಗೊಂದಲಕ್ಕೆ ಬಿದ್ದವಳಂತೆ ಜಗಲಿಯ ಮೇಲೆ ಕುಳಿತಳು. "ನಾನು ತಂದಿದ್ದೂ ಪೈನಲ್ಲ, ನಿಮ್ಮನೇದೂ ಪೈನಲ್ಲ. ಅಂಗಾದ್ರೆ ನೀನು ಓದಿರೋ ಪೈನು ಎಲ್ಲವ್ವ ಬೆಳೀತದೆ?"

ಹೀಗೊಂದು ಪ್ರಶ್ನೆಯನ್ನು ಯಾರಾದರೂ ಕೇಳಲಿ ಎಂದು ಡಿಗ್ರಿ ಬಂದಂದಿನಿಂದ ಕಾಯುತ್ತಿದ್ದವಳು ನಾನು. ಬ್ಯಾಗನ್ನೂ ಕೆಳಗಿಡದೆ ಶುರುಮಾಡಿದೆ. ಹಿಮಾಲಯದ ಕೆಳ ಬೆಟ್ಟಗಳಲ್ಲಿ ಚೀರ್ ಪೈನು, ಅದರ ಮೇಲೆ ನೀಲಿ ಪೈನು. ಕಿನ್ನೌರಿನ ಮಳೆ ಕಾಣದ ಕಣಿವೆಗಳಲ್ಲಿ ಚಿಲ್ಗೋಜಾ, ಅದರ ಬೀಜವನ್ನು ಗೋಡಂಬಿಯಂತೆ ತಿನ್ನುತ್ತಾರೆ. ಮೇಘಾಲಯ, ಮಣಿಪುರದ ಗುಡ್ಡಗಳಲ್ಲಿ ಖಾಸಿ ಪೈನು. ದಕ್ಷಿಣದಲ್ಲಿ ತಾನಾಗಿ ಹುಟ್ಟಿದ ಪೈನು ಒಂದೂ ಇಲ್ಲ, ಊಟಿ ಕೊಡೈಕೆನಾಲಿನವೆಲ್ಲ ಹೊರಗಿನಿಂದ ತಂದು ನೆಟ್ಟವು. ಒಳಗೆ ಒಬ್ಬಟ್ಟು ಆರಿತು, ಪೂಜೆಯ ಹೊತ್ತು ಮೀರಿತು. ಯಜಮಾನರು ಬಾಗಿನದ ಮೊರ ಹಿಡಿದುಕೊಂಡೇ ಗೋಡೆಗೊರಗಿ ತೂಕಡಿಸಿದರು.

ಸುನಂದಕ್ಕ ಎಲ್ಲವನ್ನೂ ಕೇಳಿದಳು. ಕೊನೆಗೆ, "ಅಂದ್ರೆ ನಮ್ ಕಡೆ ಬುಟ್ಟು ಎಲ್ಲೆಲ್ಲೋ ಬೆಳೀತದೆ" ಎಂದಳು.

"ಹೌದು."

"ಬುಡದಲ್ಲಿ ನೀರ್ ನಿಂತ್ರೆ ಸಾಯ್ತದೆ."

"ಹೌದು."

"ಅಂಥದ್ನ ಈ ನೀರಲ್ಲಿರೋ ಮಂಡ್ಯಕ್ಕೆ ಯಾಕವ್ವ ತಂದೆ? ಪಾಪ, ಅದ್ರ ಪಾಡ್ಗೆ ಅದು ಬೆಟ್ಟದಲ್ಲಿ ಇರ್ತಿತ್ತು."

ಆಗ ಬ್ಯಾಗು ಕೆಳಗಿಟ್ಟೆ. ಸುನಂದಕ್ಕ ಬಾಗಿನ ತೆಗೆದುಕೊಂಡು, ಒಬ್ಬಟ್ಟು ತಿಂದು ಹೊರಟಳು. ಪಂದ್ಯದ ಮಾತನ್ನು ಅವಳೂ ಎತ್ತಲಿಲ್ಲ, ನಾನೂ ನೆನಪಿಸಲಿಲ್ಲ. ಮದ್ದೂರಿನ ಗೇಟಿನಲ್ಲಿ ಆ ಎರಡು ಗಿಡಗಳು ಇವತ್ತಿಗೂ ಪೈನುಗಳೇ. ಹನಕೆರೆಯಲ್ಲಿ ನನ್ನ ಡಿಗ್ರಿಗೆ ಇವತ್ತಿಗೂ ಕುಂಕುಮ ಬೀಳುತ್ತದೆ.

ಸರ್ವೆಯನ್ನು ಕುಂಡದಿಂದ ತೆಗೆದು ಗೇಟಿನ ಪಕ್ಕ ನೆಟ್ಟಿದ್ದೇವೆ. ಈಗ ಅತ್ತೆ ಯಾರ ಹಂಗೂ ಇಲ್ಲದೆ ಬಿಂದಿಗೆಗಟ್ಟಲೆ ನೀರು ಹೊಯ್ಯುತ್ತಾರೆ, ಯಜಮಾನರು ಮೋಟಾರು ಟೆಸ್ಟ್ ಮಾಡುತ್ತಾರೆ. ಅದು ಕೊಟ್ಟದ್ದನ್ನೆಲ್ಲ ಕುಡಿದು ಕಾಂಪೌಂಡು ದಾಟಿದೆ. ಬೀದಿಯವರು ಅದನ್ನು 'ಟೀಚರಮ್ಮನ ಪೈನು' ಎನ್ನುತ್ತಾರೆ. ಮೊನ್ನೆ ಬೆಳಿಗ್ಗೆ ಅತ್ತೆ ಅದರ ಬುಡ ತಟ್ಟಿ, "ನೋಡು, ಏನೇ ಅಂದ್ರೂ ಇದು ನಮ್ ಮಣ್ಣಿನ್ ಗಿಡ. ನಿನ್ ಪೈನಂಗೆ ಎಲ್ಲಿಂದ್ಲೋ ಬಂದುದ್ದಲ್ಲ" ಎಂದರು. ಸರ್ವೆಯೂ ಇಲ್ಲಿಯದಲ್ಲ, ಸಮುದ್ರ ದಾಟಿ ಯಾವುದೋ ದೂರದ ಕರಾವಳಿಯಿಂದ ಬಂದದ್ದೆಂದು ನಾನು ಓದಿದ್ದೇನೆ. ಅತ್ತೆಯ ಮುಖದ ಸಂತೋಷ ನೋಡಿ ಈ ಸಲ ತುಟಿ ಬಿಗಿದುಕೊಂಡೆ. ಸ್ಕೂಲಿಗೆ ಹೋದೆ, ಪಾಠ ಮಾಡಿದೆ, ಎಲ್ಲವನ್ನೂ ನುಂಗಿಕೊಂಡೇ ಮನೆಗೆ ಬಂದೆ.

ಸಂಜೆ ಕಾಫಿಯ ತನಕ ತಡೆದುಕೊಂಡೆ.