ಕಂಪ್ಯೂಟರ್ ಪಂಡಿತರ ನೇರ ಪ್ರಸಾರ

ಪ್ರತಿ ಭಾನುವಾರ ಬೆಳಿಗ್ಗೆ ಟಿವಿಯಲ್ಲಿ ಕೋಟು ತೊಟ್ಟು ಕೂತು, ಮನೆಯಲ್ಲೊಂದು ಕಂಪ್ಯೂಟರ್ ಇಟ್ಟುಕೊಳ್ಳುವ ಬಗೆಯನ್ನು ಬೋಧಿಸುವ ಮಹಾನುಭಾವ ನಾನೇ. ಇಡೀ ನಾಡು ನನ್ನ ಮಾತು ಕೇಳುತ್ತದೆ. ಮನೆಯಲ್ಲಿ ಮಾತ್ರ ನಾನು ಬಾಯಿ ತೆರೆದರೆ ಮಿಕ್ಸರ್ ಶುರುವಾಗುತ್ತದೆ. (ನನ್ನಾಕೆ ಬೇಕೆಂದೇ ಹಾಕುತ್ತಾಳೆಂಬ ಗುಮಾನಿ ನನಗಿದೆ.)

ಹೀಗಿರುವಾಗ ನಿರ್ಮಾಪಕರು ನನ್ನನ್ನು ಕರೆಸಿದರು.

"ನಿಮ್ಮ ಕಾರ್ಯಕ್ರಮ ನೋಡಿ ಜನ ಕಂಪ್ಯೂಟರ್ ಕೊಂಡ್ಕೊಂಡ್ರು. ಕೊಂಡು ಬಟ್ಟೆ ಹೊದಿಸಿ ಇಟ್ಟಿದಾರೆ. ಯಾರಿಗೂ ಏನೂ ಅರ್ಥ ಆಗಿಲ್ಲ. ಇನ್ನೊಂದೇ ಕಂತು. ಅದೂ ಕೈಕೊಟ್ರೆ ಮುಚ್ಚಿಬಿಡೋಣ."

ತಲೆ ತಗ್ಗಿಸಿ ಮನೆಯತ್ತ ಹೊರಟೆ. ಆದರೆ ದಾರಿಯಲ್ಲೇ ದಿವ್ಯವಾದ ಉಪಾಯವೊಂದು ಹೊಳೆಯಿತು. ಕಂಪ್ಯೂಟರನ್ನೇ ಮುಟ್ಟದ ನಮ್ಮತ್ತೆಗೆ ನಮ್ಮ ಮನೆಯಿಂದಲೇ, ನೇರ ಪ್ರಸಾರದಲ್ಲಿ ಪಾಠ!

"ನಮ್ಮಮ್ಮನ್ನ ಎಲ್ಲರೆದುರು ನಗೆಪಾಟಲು ಮಾಡ್ಬೇಡಿ" ಎಂದಳು ನನ್ನಾಕೆ.

"ನಾನಿರೋವಾಗ ಅವರು ಯಾಕೆ ನಗೆಪಾಟಲಾಗ್ತಾರೆ?"

"ಅದೂ ಸರಿ" ಎಂದು ಆಕೆ ತಕ್ಷಣ ಒಪ್ಪಿಕೊಂಡಳು. ಅಷ್ಟು ಬೇಗ ಒಪ್ಪಿದ್ದು ನನಗೆ ಹಿಡಿಸಲಿಲ್ಲ.

ಭಾನುವಾರ ನಡುಮನೆಯ ತುಂಬ ಕ್ಯಾಮೆರಾ, ದೀಪ, ಕಾಲಿಗೆ ತೊಡರುವ ವಯರು. ಸ್ಟುಡಿಯೋದಿಂದ ತಂದ ಕಂಪ್ಯೂಟರ್ ಊಟದ ಮೇಜಿನ ಮೇಲೆ ವಿರಾಜಮಾನವಾಗಿತ್ತು. ಅತ್ತೆ ಕನ್ನಡಕ ಒರೆಸಿಕೊಂಡು ಪಕ್ಕದಲ್ಲಿ ಕೂತರು. ಪ್ರಸಾರ ಶುರುವಾಯಿತು. ನಾನು ಮೆಮೊರಿ, ಪ್ರೊಸೆಸರ್ ಎಂದು ನಿರರ್ಗಳವಾಗಿ ಹರಿಯತೊಡಗಿದೆ.

"ಅದೆಲ್ಲ ಆಮೇಲೆ" ಎಂದರು ಅತ್ತೆ. "ಮೊದಲು ಇದನ್ನ ಆನ್ ಮಾಡೋದು ಹೇಗೆ? ಪ್ರತಿ ವಾರ ನೋಡ್ತೀನಿ, ಒಂದು ಸಲಾನೂ ನೀವು ಹೇಳಿಲ್ಲ."

ಅಯ್ಯೋ! ಸ್ಟುಡಿಯೋದಲ್ಲಿ ನಾನು ಬರುವ ಮೊದಲೇ ತಂತ್ರಜ್ಞ ಅದನ್ನು ಆನ್ ಮಾಡಿಟ್ಟಿರುತ್ತಿದ್ದ. ಅದರ ಸ್ವಿಚ್ಚಿನ ಮುಖವನ್ನು ನಾನು ನೋಡಿದವನೇ ಅಲ್ಲ. ಇವತ್ತು ಆ ಪುಣ್ಯಾತ್ಮ ಹೊರಗೆ ವ್ಯಾನಿನಲ್ಲಿ ಕೂತಿದ್ದ.

ಮುಂದೆ ತಡಕಿದೆ, ಪಕ್ಕದಲ್ಲಿ ತಡಕಿದೆ. ಪ್ಲಗ್ಗಿನದೇ ತಪ್ಪಿರಬೇಕೆಂದು ಮೇಜಿನಡಿ ನುಸುಳಿದೆ. ಆಗ ಇಡೀ ನಾಡಿಗೆ ಕಂಡದ್ದು ನನ್ನ ಪ್ಯಾಂಟಿನ ಹಿಂಭಾಗ ಮಾತ್ರ.

"ಏಳಿ, ಏಳಿ, ನಾನೇ ನೋಡ್ತೀನಿ" ಎಂದ ಅತ್ತೆ ಪೆಟ್ಟಿಗೆಯ ಬೆನ್ನನ್ನು ಸವರಿದರು. ಟಿಕ್! ಪರದೆ ಬೆಳಗಿತು. "ಹಿಂದೆ ಇದೆ! ಸಿಕ್ತು! ನಂಗೆ ಬಂತು!" ಎಂದು ಮಗುವಿನಂತೆ ಚಪ್ಪಾಳೆ ತಟ್ಟಿದರು. ನನಗೂ ತಡೆಯಲಾಗದ ಖುಷಿಯಾಯಿತು. ಏಳುವಾಗ ಮೇಜಿಗೆ ತಲೆ ಬಡಿದದ್ದೂ ತಿಳಿಯಲಿಲ್ಲ.

ಪ್ರಸಾರ ಮುಗಿದದ್ದೇ ತಡ, ಕೆಲಸ ಹೋಯಿತೆಂದು ತಲೆ ಮೇಲೆ ಕೈಹೊತ್ತು ಕೂತೆ. ನಿರ್ಮಾಪಕರ ಫೋನು ಬಂತು.

"ಇಲ್ಲಿ ಫೋನಿಗೆ ಪುರುಸೊತ್ತೇ ಇಲ್ಲ! ಜನ ಆನ್ ಮಾಡ್ಬಿಟ್ಟು, ಮುಂದೇನು ಅಂತ ಕೇಳ್ತಿದಾರೆ. ಕಾರ್ಯಕ್ರಮ ನಡೆಯುತ್ತೆ ಕಣ್ರೀ!"

ನಾನು ಉಬ್ಬಿಹೋದೆ. "ಅಂದ್ರೆ ನಮ್ಮತ್ತೆ ವಾರವಾರ ಕಲಿಯೋಕೆ ಬರ್ತಾರೆ ಅನ್ನಿ."

"ಅವರು ಕಲಿಸೋರು. ಕಲಿಯೋರು ನೀವು. ದಯವಿಟ್ಟು ಏನೂ ಓದ್ಕೊಂಡು ಬರ್ಬೇಡಿ."

"ಅದರ ಚಿಂತೆ ಬೇಡ ಅನ್ನಿ" ಎಂದು, ಪಕ್ಕದಲ್ಲೇ ನಿಂತು ಫೋನಿಗೆ ಕಿವಿಗೊಟ್ಟಿದ್ದ ನನ್ನಾಕೆ ನನ್ನ ಪ್ಯಾಂಟಿನ ಧೂಳು ಕೊಡವಿದಳು.

ಅಷ್ಟರಲ್ಲಿ ಅತ್ತೆ ಮೇಜಿನಿಂದ ಕರೆದರು: "ಅಳಿಯಂದಿರೇ, ಆಫ್ ಮಾಡೋದಾದ್ರೂ ಗೊತ್ತಾ?"

ಗೊತ್ತಿರಲಿಲ್ಲ. ಕುರ್ಚಿ ಎಳೆದುಕೊಂಡು ಅವರ ಪಕ್ಕ ಕೂತೆ.